ಹತ್ತು ಗಜದ ಸಾಹೇಬರು

ಹತ್ತು ಗಜ ಎಂದರೆ ಎಷ್ಟು ಎಂದು ಎರಡು ವರ್ಷದ ಹಿಂದೆ ಯಾರಾದರೂ ಕೇಳಿದ್ದರೆ ನನ್ನ ಉತ್ತರ ಒಂದೇ: ಅಳೆಯುವವನು ಯಾರು ಅನ್ನುವುದರ ಮೇಲೆ ಹೋಗುತ್ತದೆ. ಹದಿನಾರನೇ ವಯಸ್ಸಿಗೇ ಚಿಕ್ಕಪೇಟೆಯ ಬಟ್ಟೆ ಅಂಗಡಿಯಲ್ಲಿ ಗಜಕಡ್ಡಿ ಹಿಡಿದವನು ನಾನು. ಕಡ್ಡಿಯ ತುದಿಯಲ್ಲಿ ಹೆಬ್ಬೆರಳು ಎಲ್ಲಿ ಕೂರಬೇಕು, ಮಾತಿನ ಭರದಲ್ಲಿ ಗಜಕ್ಕೆ ಅರ್ಧ ಇಂಚು ಹೇಗೆ ಉಳಿಸಬೇಕು ಅನ್ನುವುದನ್ನೆಲ್ಲ ಅಲ್ಲಿ ಕಲಿತೆ. ಆಮೇಲೆ ಐರ್ಲೆಂಡಿನ ಕಾರ್ಕಿಗೆ ಬಂದು, ಗೋದಾಮಿನಲ್ಲಿ ಮೂಟೆ ಹೊತ್ತು, ಅದೇ ಊರಿನ ಡಗ್ಲಸ್‌ನಲ್ಲಿ ಸ್ವಂತ ದಿನಸಿ ಅಂಗಡಿ ತೆರೆದೆ. ಯಾರ ಹತ್ತಿರವೂ ಹೇಳಿದ ಬೆಲೆಗೆ ಏನನ್ನೂ ಕೊಂಡಿಲ್ಲ. ನೀವೂ ಕೊಳ್ಳಬೇಡಿ.

ಹೋದ ತಿಂಗಳು ಒಬ್ಬ ಡಾಕ್ಟರಮ್ಮ ಅಂಗಡಿಗೆ ಬಂದರು. ಮೈಸೂರಿನಲ್ಲಿ ಓದಿ ಇಲ್ಲಿನ ಸರ್ಕಾರಿ ಆಸ್ಪತ್ರೆಯಲ್ಲಿ ಕೆಲಸ ಮಾಡುವವರು, ನಮ್ಮ ಹಳೆಯ ಗಿರಾಕಿ. ತೊಗರಿಬೇಳೆ ಪೊಟ್ಟಣವನ್ನು ಕೈಯಲ್ಲಿ ಹಿಡಿದುಕೊಂಡೇ, "ಅಪ್ಪ ಹೋಗ್ಬಿಟ್ರು, ಅಣ್ಣ" ಎಂದರು. "ಹಿಂದಿನ ದಿನಾನೂ ಫೋನಲ್ಲಿ ನಿಮ್ಮ ಟೀಮ್ ಈ ವರ್ಷ ಹೆಂಗಿದೆ ಅಂತ ಕೇಳಿದ್ರು."

ಡಾಕ್ಟರಮ್ಮ ಹೊರಟ ಮೇಲೆ, ಬೇಳೆಗೆ ಕಾಸು ತೆಗೆದುಕೊಳ್ಳಲು ಮರೆತದ್ದು ಹೊಳೆಯಿತು. ಆದರೆ ಆ ಮನುಷ್ಯನನ್ನು ನೆನೆದರೆ ಅಳು ಬರುವುದಿಲ್ಲ, ಮೈ ಜುಮ್ಮೆನ್ನುತ್ತದೆ. ನಮ್ಮೂರ ಕಾಲೇಜಿನ ತಂಡ ಚಾಂಪಿಯನ್ ಆದ ಆ ಬೇಸಿಗೆಯೇ ಕಣ್ಣ ಮುಂದೆ ಓಡಿಬರುತ್ತದೆ.

ಅವರ ಹೆಸರು ಬರೆಯುವುದಿಲ್ಲ. ಮೂವತ್ತೈದು ವರ್ಷ ತುಮಕೂರು ಕಡೆ ಸರ್ವೆ ಇಲಾಖೆಯಲ್ಲಿ ಹೊಲ ಅಳೆದು ರಿಟೈರ್ ಆಗಿದ್ದವರು. ನಕ್ಷೆಯ ಮೇಲೆ ಅಳೆದವನ ಹೆಸರು ಮೂಲೆಯಲ್ಲಿ ಚಿಕ್ಕದಾಗಿರಬೇಕು ಎನ್ನುತ್ತಿದ್ದರು. ನಾನು ಸಾಹೇಬರೇ ಎಂದು ಕರೆಯುತ್ತಿದ್ದೆ, ಅಷ್ಟು ಸಾಕು. ತೊಂಬತ್ತು ದಿನದ ವೀಸಾದಲ್ಲಿ ಮಗಳ ಮನೆಗೆ ಬಂದಿದ್ದರು. ಮಗಳು ಡ್ಯೂಟಿಗೆ, ಅಳಿಯ ಲಿಟಲ್ ಐಲ್ಯಾಂಡಿನ ಔಷಧ ಕಂಪನಿಗೆ. ಮನೆಯಲ್ಲಿ ಒಬ್ಬರೇ ಕೂರಲಾರದೆ ದಿನಾ ಬೆಳಿಗ್ಗೆ ನಮ್ಮ ಅಂಗಡಿಗೆ ನಡೆದುಬಂದು ಅಕ್ಕಿ ಮೂಟೆಗಳ ಪಕ್ಕದ ಸ್ಟೂಲಿನಲ್ಲಿ ಕೂರುತ್ತಿದ್ದರು. ತುಂಬು ತೋಳಿನ ಅಂಗಿ, ತೋಳಿಲ್ಲದ ಸ್ವೆಟರು, ಜೇಬಿನಲ್ಲಿ ಎರಡು ಪೆನ್ನು. ನಡೆದರೆ ಪ್ರತಿ ಹೆಜ್ಜೆಯೂ ಒಂದೇ ಉದ್ದ, ಯಂತ್ರ ನಡೆದ ಹಾಗೆ.

ಮೊದಲ ದಿನ ನನ್ನ ತಕ್ಕಡಿಯ ಮುಂದೆ ನಿಂತು, "ಇದಕ್ಕೆ ಮುದ್ರೆ ಯಾವಾಗ ಹಾಕಿಸಿದ್ರಿ?" ಎಂದರು. ಎರಡನೇ ದಿನ ಬಾಗಿಲಿನ ಬೋರ್ಡು ಓದಿದರು. ಅರ್ಧ ಮೈಲಿಯೊಳಗೆ ಮನೆಗೆ ಉಚಿತವಾಗಿ ತಲುಪಿಸುತ್ತೇವೆ ಎಂದು ಬರೆಸಿದ್ದೆ.

"ಈ ಬೋರ್ಡು ಸರಿ ಐತಾ?"

"ಐತೆ ಸರ್. ನಿಮ್ಮನೆಗೂ ಫ್ರೀನೇ ಕಳಿಸ್ತಿರೋದು."

"ಅದೇ ತಪ್ಪು. ನಾನು ಹೆಜ್ಜೆ ಎಣಿಸ್ಕೊಂಡೇ ಬಂದೆ. ನಮ್ಮನೆ ಅರ್ಧ ಮೈಲಿಯಿಂದ ಆಚೆಗೈತೆ. ನಮ್ಮತ್ರ ಕಾಸು ತಗೋಬೇಕು ನೀವು."

ಇಂಥ ಗಿರಾಕಿಯನ್ನು ನಾನು ಹುಟ್ಟಿದಾಗಿನಿಂದ ನೋಡಿರಲಿಲ್ಲ. ತನ್ನ ವಿರುದ್ಧವೇ ಚೌಕಾಸಿ ಮಾಡುವವನ ಜೊತೆ ಹೇಗೆ ಚೌಕಾಸಿ ಮಾಡುವುದು?

ಅದೇ ವಾರ ಕೋಚ್ ಬಂದ. ಹಗಲು ಪ್ಲಂಬರ್, ಸಂಜೆ ನಮ್ಮೂರ ಕಾಲೇಜಿನ ಅಮೆರಿಕನ್ ಫುಟ್‌ಬಾಲ್ ತಂಡದ ಕೋಚ್. ಕೋಲು-ಚೆಂಡಿನ ಹರ್ಲಿಂಗ್, ರಗ್ಬಿ ಎಂದರೆ ಪ್ರಾಣ ಬಿಡುವ ಊರಿನಲ್ಲಿ ಹೆಲ್ಮೆಟ್ಟು, ಭುಜಕ್ಕೆ ದಿಂಬಿನಂಥ ಕವಚ ಕಟ್ಟಿಕೊಂಡು ಆಡುವ ಈ ಹುಡುಗರನ್ನು ಕೇಳುವವರೇ ಇರಲಿಲ್ಲ. ಕಾಲೇಜಿಗೆ ರಜೆ ಬಿದ್ದರೂ ಬೇಸಿಗೆಯಿಡೀ ಲೀಗ್ ಆಡಬೇಕು. ಜರ್ಸಿ ಹೊಲಿಸಿಕೊಡುತ್ತೀಯಾ, ನಿನ್ನ ಅಂಗಡಿಯ ಹೆಸರನ್ನು ಎದೆಯ ಮೇಲೆ ಹಾಕುತ್ತೇವೆ ಎಂದ.

"ಎದೆ ಬೇಡ, ಬೆನ್ನ ಮೇಲೆ ಹಾಕು" ಎಂದೆ. "ಗೆಲ್ಲೋ ಹುಡುಗ ಯಾವಾಗಲೂ ಎದುರಾಳಿಗೆ ಬೆನ್ನು ತೋರಿಸಿಕೊಂಡು ಓಡ್ತಾನೆ. ಎಲ್ಲರೂ ನೋಡೋದು ಬೆನ್ನನ್ನೇ."

ಕೋಚ್ ನಕ್ಕು ಕೈ ಕುಲುಕಿದ. ಕುಲುಕಿದ ಕೈಯನ್ನು ಬಿಡದೆಯೇ ಇನ್ನೊಂದು ಶರತ್ತು ಹಾಕಿದ: ನಮ್ಮ ಮೈದಾನದ ಪಂದ್ಯಗಳಿಗೆ ಸರಪಳಿ ಹಿಡಿಯಲು ಜನ ಬೇಕು, ಹಿಡಿಯುತ್ತಿದ್ದವನು ಆಸ್ಟ್ರೇಲಿಯಾಕ್ಕೆ ಹೋದ, ಸರಪಳಿ ಇಲ್ಲದೆ ಪಂದ್ಯ ಶುರುವಾಗುವುದಿಲ್ಲ. ಕೈ ಹಿಡಿದಿರುವಾಗ ಹೊಸ ಶರತ್ತು ಹಾಕುವುದು ನನ್ನದೇ ವಿದ್ಯೆ! ಸೋತೆ.

ಈ ಆಟವನ್ನು ನೋಡದವರಿಗೆ ಒಂದು ಮಾತು. ಚೆಂಡು ಹಿಡಿದ ತಂಡಕ್ಕೆ ನಾಲ್ಕು ಪ್ರಯತ್ನ. ನಾಲ್ಕರೊಳಗೆ ಹತ್ತು ಗಜ ಮುಂದೆ ಹೋದರೆ ಮತ್ತೆ ನಾಲ್ಕು ಸಿಗುತ್ತದೆ, ಹೋಗದಿದ್ದರೆ ಚೆಂಡು ಎದುರಾಳಿಗೆ. ಹೀಗೆ ಹೋಗಿ ಹೋಗಿ ಎದುರಾಳಿಯ ಕೊನೆಯ ಗೆರೆ ದಾಟಿದರೆ ಆರು ಅಂಕ. ಆ ಹತ್ತು ಗಜ ತೋರಿಸಲು ಮೈದಾನದ ಅಂಚಿನಲ್ಲಿ ಎರಡು ಕೋಲು, ನಡುವೆ ಹತ್ತು ಗಜದ ಸರಪಳಿ. ಕಣ್ಣಳತೆಗೆ ನಿಲುಕದಷ್ಟು ಹತ್ತಿರವಾದರೆ ರೆಫರಿ ಕೈ ಬೀಸುತ್ತಾನೆ, ಸರಪಳಿ ಮೈದಾನದೊಳಗೆ ಹೋಗುತ್ತದೆ.

ಸ್ಟೂಲಿನಲ್ಲಿ ಕೂತು ಇದೆಲ್ಲವನ್ನೂ ಕೇಳಿಸಿಕೊಂಡಿದ್ದ ಸಾಹೇಬರು ಎದ್ದೇ ನಿಂತರು. "ಸರಪಳಿನಾ? ಈ ದೇಶದಲ್ಲಿ ಇನ್ನೂ ಸರಪಳಿ ಹಿಡೀತಾರಾ? ನಮ್ಮಲ್ಲೇ ಎಲ್ಲ ಮೆಷಿನ್ ಬಂದೈತಲ್ರೀ!"

ಶನಿವಾರ ಮೈದಾನಕ್ಕೆ ಕರೆದುಕೊಂಡು ಹೋದೆ. ಸರಪಳಿ ಕೈಗೆ ಬಂದ ಕೂಡಲೇ ಅದನ್ನು ಹುಲ್ಲಿನ ಮೇಲೆ ಉದ್ದಕ್ಕೆ ಹಾಸಿ, ಚೀಲದಿಂದ ಉಕ್ಕಿನ ಟೇಪು ತೆಗೆದರು. ಅಳೆದರು. ಮತ್ತೊಮ್ಮೆ ಅಳೆದರು.

"ಒಂದು ಇಂಚು ಜಾಸ್ತಿ ಐತೆ. ಕೊಂಡಿ ಸವೆದು ಸವೆದು ಸರಪಳಿ ಉದ್ದ ಆಗ್ತದೆ. ಇಷ್ಟು ವರ್ಷ ಈ ಹುಡುಗ್ರು ಪಾಪ ಪ್ರತಿ ಸಲ ಒಂದು ಇಂಚು ಬಿಟ್ಟಿ ಓಡವ್ರೆ."

ನಾನು ಇಂಗ್ಲಿಷಿನಲ್ಲಿ ಹೇಳಿದೆ. ಕೋಚ್ ಕಣ್ಣು ಕಣ್ಣು ಬಿಟ್ಟ. ಅವನ ವ್ಯಾನಿನಿಂದ ಇಕ್ಕಳ, ಸುತ್ತಿಗೆ ತರಿಸಿ, ಸಾಹೇಬರು ಮಂಡಿಯೂರಿ ಸವೆದ ಕೊಂಡಿಗಳನ್ನು ಬಡಿದು ಕೂರಿಸಿದರು. ಆಮೇಲೆ ನನಗೆ ಹೇಳಿದರು: "ನಮ್ಮ ಸರಪಳಿ ಮೂವತ್ತಮೂರು ಅಡಿ, ಗುಂಟೆ ಲೆಕ್ಕ. ಇದು ಮೂವತ್ತೇ ಅಡಿ. ಮೂರಡಿ ಕಮ್ಮಿ ಗುಂಟೆ ಅಂದ್ಕೊಳ್ಳಿ." ಅವತ್ತಿನಿಂದ ನಮ್ಮವರು ಹತ್ತು ಗಜ ದಾಟಿದಾಗಲೆಲ್ಲ ಪಿಸುದನಿಯಲ್ಲಿ, "ಒಂದು ಗುಂಟೆ ಆಯ್ತು" ಎನ್ನುತ್ತಿದ್ದರು. ಸರಪಳಿಗೆ ಒಂದು ಕ್ಲಿಪ್ಪು ಹಾಕಿ ಅದನ್ನು ಮೈದಾನದ ಬಿಳಿ ಗೆರೆಗೆ ಹೊಂದಿಸುವುದು ಕ್ರಮ, ಒಳಗೆ ಒಯ್ದಾಗ ಜಾಗ ತಪ್ಪಬಾರದಲ್ಲ. ಅದನ್ನು ನೋಡಿದಾಗಂತೂ ಸಂತೋಷಕ್ಕೆ ಪಾರವಿಲ್ಲ. "ಬಾಂದು ಕಲ್ಲು! ಗಡಿಗೆ ನೆಡೋ ಬಾಂದು ಕಲ್ಲು ಇವರಿಗೂ ಗೊತ್ತೈತೆ!"

ಮುಂದಿನ ಕೋಲು ಅವರದು, ಹಿಂದಿನದು ನನ್ನದು. ಎಷ್ಟನೇ ಪ್ರಯತ್ನ ಎಂದು ತೋರಿಸುವ ಅಂಕಿಯ ಕೋಲು ಕೋಚ್‌ನ ತಾಯಿಯದು. ಆ ಅಜ್ಜಿ ಫ್ಲಾಸ್ಕಿನಿಂದ ಚಹಾ ಬಗ್ಗಿಸಿಕೊಟ್ಟು, "ಯು ಆರ್ ಗ್ರ್ಯಾಂಡ್, ಲವ್" ಎನ್ನುತ್ತಿದ್ದರು.

"ಏನಂತೆ?" ಎಂದು ಸಾಹೇಬರು ನನ್ನ ಕಡೆ ತಿರುಗಿದರು.

"ನೀವು ಚೆನ್ನಾಗಿದೀರಂತೆ ಸರ್."

"ಚೆನ್ನಾಗೇ ಇದೀನಲ್ಲ. ಅದನ್ನ ಹೇಳೋದೇನೈತೆ?"

ಆ ಬೇಸಿಗೆಯಲ್ಲಿ ಏನು ಹಿಡಿಯಿತೋ ನಮ್ಮ ಹುಡುಗರಿಗೆ! ಹಿಂದಿನ ವರ್ಷ ಸೋತು ಸೋತು ತಳದಲ್ಲಿದ್ದವರು ಒಂದಾದ ಮೇಲೊಂದು ಗೆಲ್ಲತೊಡಗಿದರು. ಪಕ್ಕದ ಕೆರ್ರಿ ಜಿಲ್ಲೆ ಕಡೆಯ ಒಬ್ಬ ಗುಂಡು ಹುಡುಗ, ನರ್ಸಿಂಗ್ ಓದುವವನು, ಚೆಂಡನ್ನು ಹೊಟ್ಟೆಗೆ ಅವಚಿಕೊಂಡು ಹೊರಟನೆಂದರೆ ಮೂವರು ಜೋತುಬಿದ್ದರೂ ಎಳೆದುಕೊಂಡೇ ಹೋಗುತ್ತಿದ್ದ. ಪ್ರೇಕ್ಷಕರು ಹತ್ತಿದ್ದವರು ನೂರಾದರು. ನಾನು ಸಮೋಸ ತಂದು ಮಾರತೊಡಗಿದೆ. ಜನ ಸೇರುವ ಕಡೆ ಬರಿಗೈಯಲ್ಲಿ ಹೋಗುವವನು ದಡ್ಡ.

ಹೀಗೆ ಸೆಮಿಫೈನಲ್ ಬಂತು, ನಮ್ಮದೇ ಮೈದಾನದಲ್ಲಿ. ಕೊನೆಯ ನಿಮಿಷಗಳು. ಮೂರೇ ಅಂಕ ನಾವು ಮುಂದೆ. ಚೆಂಡು ನಮ್ಮದು, ನಾಲ್ಕನೇ ಪ್ರಯತ್ನ. ಹತ್ತು ಗಜ ದಾಟಿದರೆ ಚೆಂಡನ್ನು ಇಟ್ಟುಕೊಂಡೇ ಸಮಯ ಕಳೆದು ಗೆಲ್ಲಬಹುದು. ಕೆರ್ರಿಯ ಹುಡುಗ ನುಗ್ಗಿದ, ಬಿದ್ದ, ಅವನ ಮೇಲೆ ಏಳು ಜನ ಬಿದ್ದರು. ಎಷ್ಟು ಹೋದ? ಯಾರಿಗೂ ತಿಳಿಯಲಿಲ್ಲ. ರೆಫರಿ ಕೈ ಬೀಸಿದ.

ಸರಪಳಿ ಒಯ್ದೆವು. ಕ್ಲಿಪ್ಪು ಗೆರೆಗೆ ಕೂತಿತು. ಸಾಹೇಬರು ಕೋಲು ಎಳೆದು ನಿಲ್ಲಿಸಿದರು. ಚೆಂಡಿನ ಮೂತಿ ಕೋಲಿಗಿಂತ ಎರಡು ಬೆರಳು ಮುಂದೆ! ನಮ್ಮ ಹುಡುಗರು ಗಾಳಿಯಲ್ಲಿ ಹಾರಿದರು. ರೆಫರಿಯ ಕೈ ಮೇಲೇಳುತ್ತಿತ್ತು.

ಆಗ ನನಗೆ ಕಂಡಿತು. ಹುಲ್ಲಿನೊಳಗೆ ಒಂದು ಕೊಂಡಿ ಮಗುಚಿಕೊಂಡು ಗಂಟಾಗಿತ್ತು. ಗಂಟಾದ ಸರಪಳಿ ಗಿಡ್ಡ. ಬಟ್ಟೆ ಅಂಗಡಿಯಲ್ಲಿ ಮಡಿಕೆ ಬಿದ್ದ ಬಟ್ಟೆಯನ್ನು ಹಾಗೇ ಅಳೆಯುವುದು ನನಗೆ ಗೊತ್ತಿಲ್ಲವೇ? ಬಾಯಿ ಮುಚ್ಚಿಕೊಂಡು ನಿಂತೆ.

"ವೇಟ್! ವೇಟ್!"

ಸಾಹೇಬರ ಗಂಟಲಿನಿಂದ ಅಷ್ಟು ದೊಡ್ಡ ಸದ್ದು ಬಂದದ್ದು ಅದೇ ಮೊದಲು. ಬಗ್ಗಿ ಗಂಟು ತೋರಿಸಿದರು. ಕೋಲನ್ನು ಎತ್ತಿ, ಮಣಿಕಟ್ಟನ್ನು ಒಮ್ಮೆ ಮೇಲಕ್ಕೆ ಒಗೆದರು. ಸರಪಳಿಯ ಉದ್ದಕ್ಕೂ ಒಂದು ಅಲೆ ಹಾವಿನ ಹಾಗೆ ಹರಿದುಹೋಯಿತು. ಟಕ್! ಕೊಂಡಿ ಬಿಚ್ಚಿಕೊಂಡಿತು. ಮತ್ತೆ ಎಳೆದು ನಿಲ್ಲಿಸಿದಾಗ ಚೆಂಡು ಕೋಲಿಗಿಂತ ಒಂದು ಬೆರಳು ಹಿಂದೆ.

ಚೆಂಡು ಎದುರಾಳಿಗೆ ಹೋಯಿತು. ಕೆರ್ರಿಯ ಹುಡುಗ ಹೆಲ್ಮೆಟ್ ತೆಗೆದು ನೆಲಕ್ಕೆ ಅಪ್ಪಳಿಸಿ, ಇಲ್ಲಿ ಬರೆಯಲಾಗದ ಮಾತು ಆಡಿದ. ಕೋಚ್ ಎರಡೂ ಕೈ ತಲೆಯ ಮೇಲೆ ಹೊತ್ತ. ನನಗಂತೂ ತಡೆಯಲಾಗಲಿಲ್ಲ. "ಏನ್ ಸರ್, ನಾವು ಯಾವ ಕಡೆಯವ್ರು?"

"ಎರಡು ತುದೀನೂ ನಮ್ಮ ಕೈಲೇ ಐತಲ್ರೀ. ಇನ್ನು ಕಡೆ ಎಲ್ಲಿಂದ ಬರ್ತದೆ?" ಎಂದು ತಮ್ಮ ಜಾಗಕ್ಕೆ ಹೋಗಿ ನಿಂತರು.

ಎದುರಾಳಿಗಳು ಬಂದರು ನೋಡಿ, ನುಗ್ಗಿ ನುಗ್ಗಿ ಬಂದರು! ಕೊನೆಯ ಎಸೆತ ನಮ್ಮ ಗೆರೆಯ ಹತ್ತಿರಕ್ಕೇ ಬಂತು. ಹಿಡಿಯುವವನ ಬೆರಳಿಗೆ ತಾಗುವ ಹೊತ್ತಿಗೆ ನಮ್ಮವನೊಬ್ಬ ಹಾರಿ ಚೆಂಡನ್ನು ಹೊಡೆದುರುಳಿಸಿದ. ಶಿಳ್ಳೆ! ಗೆದ್ದೆವು. ನಾನು ಕೋಲು ಬಿಸಾಕಿ ಕುಣಿದೆ. ಸಾಹೇಬರು ಅದನ್ನು ಎತ್ತಿ ಒರೆಸಿದರು.

ವಾಪಸು ಬರುವಾಗ ಕಾರಿನಲ್ಲಿ ಸಾಹೇಬರು ಹೇಳಿದರು, "ನೀವು ನೋಡಿದ್ರಿ."

"ಏನು ಸರ್?"

"ಗಂಟು. ನನಗಿಂತ ಮುಂಚೆ ನೋಡಿದ್ರಿ. ನಿಮ್ಮ ಕಣ್ಣು ಅಲ್ಲೇ ನಿಂತಿತ್ತು."

ನಾನು ಗೇರು ಬದಲಾಯಿಸಿದೆ.

"ಬೈತಾ ಇಲ್ಲ. ನಾನೂ ಮಾಡಿದೀನಿ. ಸರ್ವಿಸಿಗೆ ಸೇರಿದ ಹೊಸದು. ಅಣ್ಣ ತಮ್ಮಂದಿರ ಹೊಲ. ಇಡೀ ದಿನ ಅಳೆದು ಕಲ್ಲು ನೆಡಿಸ್ದೆ. ಸಾಯಂಕಾಲ ಸರಪಳಿ ಸುತ್ತೋವಾಗ ನೋಡ್ತೀನಿ, ಒಂದು ಕೊಂಡಿ ಮಗುಚೈತೆ. ಎರಡು ಬೆರಳು ತಾನೇ, ಯಾರಿಗೆ ಗೊತ್ತಾಗ್ತದೆ ಅಂತ ಸುಮ್ನಾದೆ. ಇಪ್ಪತ್ತು ಸರಪಳಿಗೆ ಎರಡೆರಡು ಬೆರಳು ಅಂದ್ರೆ ಎಷ್ಟಾಯ್ತು? ತಮ್ಮನ ಬಾವಿ ಅಣ್ಣನ ಪಾಲಿಗೆ ಹೋಗಿತ್ತು. ಮೂರು ದಿನ ಊಟ ಸೇರ್ಲಿಲ್ಲ. ನಾಲ್ಕನೇ ದಿನ ಹೋಗಿ ಕಲ್ಲು ಕೀಳಿಸಿ ಹೊಸದಾಗಿ ಅಳೆದೆ."

"ತಮ್ಮ ಖುಷಿಪಟ್ಟಿರ್ಬೇಕು."

"ಎಲ್ಲಿ? ಬಾವಿ ಬಂತು, ಹುಣಸೆಮರ ಹೋಯ್ತು. ಇಬ್ಬರೂ ಸೇರಿ ಬೈದ್ರು. ಅವತ್ತು ರಾತ್ರಿ ನಿದ್ದೆ ಬಂತು ನೋಡಿ! ಇಬ್ಬರೂ ಬೈದ್ರೆ ಅಳತೆ ಸರಿ ಐತೆ ಅಂತ."

ಫೈನಲ್ ಪಂದ್ಯ ಡಬ್ಲಿನ್ನಿನ ಒಂದು ಕಾಲೇಜಿನ ಮೇಲೆ, ಎರಡೂ ತಂಡಕ್ಕೆ ಸೇರದ ಮೈದಾನದಲ್ಲಿ. ಮೂರು ಸಲ ಚಾಂಪಿಯನ್ ಆದವರು ಅವರು. ಹಿಂದಿನ ವರ್ಷ ಸರಪಳಿಯ ವಿಷಯಕ್ಕೇ ಫೈನಲ್ಲಿನಲ್ಲಿ ಜಗಳವಾಗಿತ್ತಂತೆ. ಈ ಸಲ ಅವರ ಕೋಚ್ ತಾನಾಗಿಯೇ ನಮ್ಮ ಕೋಚ್‌ಗೆ ಫೋನ್ ಮಾಡಿದ: ಸೆಮಿಫೈನಲ್ಲಿನ ಸುದ್ದಿ ಕೇಳಿದೆ, ಮುಂದಿನ ಕೋಲನ್ನು ಆ ಮುದುಕರೇ ಹಿಡಿಯಲಿ, ಹಿಂದಿನದಕ್ಕೆ ನಮ್ಮವನೊಬ್ಬನನ್ನು ಕಳಿಸುತ್ತೇವೆ, ಆಮೇಲೆ ನಮ್ಮ ತಕರಾರಿಲ್ಲ.

ಎದುರಾಳಿ ತಾನಾಗಿ ಕೇಳುವ ಮರ್ಯಾದೆ ಯಾವ ಅಂಗಡಿಯಲ್ಲೂ ಸಿಗುವುದಿಲ್ಲ. ನಾನು ಓಡಿದೆ ಸಾಹೇಬರ ಮನೆಗೆ. ಆದರೆ ಅವರ ತೊಂಬತ್ತನೇ ದಿನ ಫೈನಲ್ಲಿಗೆ ನಾಲ್ಕು ದಿನ ಮುಂಚೆಯೇ ಮುಗಿಯುತ್ತಿತ್ತು.

"ಒಂದು ಅರ್ಜಿ ಹಾಕೋಣ ಸರ್. ಮೈಗೆ ಹುಷಾರಿಲ್ಲ ಅಂತ ಬರೆದ್ರಾಯ್ತು. ಮಗಳೇ ಡಾಕ್ಟರು, ಚೀಟಿ ಕೊಡ್ತಾರೆ. ನಾಲ್ಕೇ ದಿನ!"

"ನನಗೇನಾಗೈತೆ? ಅಜ್ಜಿನೇ ಹೇಳ್ತಾರಲ್ಲ, ಗ್ರ್ಯಾಂಡ್ ಇದೀನಿ ಅಂತ." ನಕ್ಕರು. ಆಮೇಲೆ ನಗಲಿಲ್ಲ. "ಆಸೆ ಇಲ್ಲ ಅಂತಲ್ಲ. ಮೂವತ್ತೈದು ವರ್ಷ ಸರಪಳಿ ಹಿಡಿದೆ, ಬೇಲಿ ಹಾರಿ ನನ್ನ ಓಡಿಸ್ಕೊಂಡು ಬಂದವ್ರೇ ಎಲ್ಲ. ನೀವೇ ಬಂದು ಹಿಡೀರಿ ಅಂತ ಯಾರೂ ಕರೆದಿರಲಿಲ್ಲ. ಆದ್ರೆ ತೊಂಬತ್ತು ಅಂದ್ರೆ ತೊಂಬತ್ತು. ಸರಪಳಿಗೊಂದು ನ್ಯಾಯ, ವೀಸಾಗೊಂದು ನ್ಯಾಯ ಆಗಲ್ಲ. ನೀವು ಹಿಡೀರಿ ಮುಂದಿನ ಕೋಲು."

"ನಾನಾ?"

"ನಿಮ್ಮ ಕಣ್ಣು ಚುರುಕೈತೆ. ಬಾಯಿ ಒಂದು ಸರಿ ಮಾಡ್ಕೊಳ್ಳಿ."

ಮೂರು ಸಂಜೆ ಅಂಗಡಿಯ ಹಿಂದಿನ ಕಾರ್ ಪಾರ್ಕಿನಲ್ಲಿ ಪಾಠ ನಡೆಯಿತು. ತೋಳಿನಿಂದ ಎಳೆಯಬಾರದು, ಮಣಿಕಟ್ಟಿನಿಂದ ಒಗೆಯಬೇಕು. ಅಲೆ ಕ್ಲಿಪ್ಪಿನವರೆಗೂ ತಲುಪಬೇಕು. ಗಂಟು ಕಂಡರೂ ಕೊಡವಬೇಕು, ಕಾಣದಿದ್ದರೂ ಕೊಡವಬೇಕು. "ಕಂಡಾಗ ಮಾತ್ರ ಕೊಡವೋನು, ಬೇಕಾದಾಗ ಕಾಣದಂಗೆ ಇರ್ತಾನೆ" ಎಂದರು. ನನ್ನ ಮುಖ ನೋಡಲಿಲ್ಲ, ಪುಣ್ಯಕ್ಕೆ.

ಫೈನಲ್ ದಿನ ಸಣ್ಣಗೆ ಹನಿ, ಒದ್ದೆ ಹುಲ್ಲು. ಹಿಂದಿನ ಕೋಲು ಹಿಡಿದ ಡಬ್ಲಿನ್ ಕಡೆಯವನು ಮೊದಲು ಕೇಳಿದ್ದೇ, "ಆ ಮುದುಕರು ಎಲ್ಲಿ?" ನಾನು ಅವರ ಶಿಷ್ಯ ಎಂದೆ. ಅವನು ನನ್ನನ್ನು ಮೇಲಿಂದ ಕೆಳಗೆ ಅಳೆದ. ಅವನನ್ನು ದೂರುವಂತಿಲ್ಲ, ನಾನೂ ಹಾಗೇ ಅಳೆಯುತ್ತಿದ್ದೆ.

ಏನು ಪಂದ್ಯ ಅದು! ಅವರು ಮುಂದೆ, ನಾವು ಮುಂದೆ, ಮತ್ತೆ ಅವರು. ಕೊನೆಗೆ ನಾವು ನಾಲ್ಕು ಅಂಕ ಹಿಂದೆ, ಗಡಿಯಾರದಲ್ಲಿ ಉಳಿದದ್ದು ಒಂದೂವರೆ ನಿಮಿಷ. ನಮ್ಮ ಚೆಂಡು. ಮತ್ತೆ ನಾಲ್ಕನೇ ಪ್ರಯತ್ನ, ಮತ್ತೆ ಅದೇ ಕೆರ್ರಿಯ ಹುಡುಗ. ನುಗ್ಗಿದ, ಬಿದ್ದ, ಗುಡ್ಡೆಯಾಯಿತು. ರೆಫರಿ ಕೈ ಬೀಸಿದ.

ಕೋಲು ಹೊತ್ತು ಒಳಗೆ ನಡೆದೆ. ಕ್ಲಿಪ್ಪು ಗೆರೆಗೆ ಕೂತಿತು. ಕೋಲು ಎಳೆದು ನಿಲ್ಲಿಸಿದೆ. ಚೆಂಡು ಮೂರು ಬೆರಳು ಮುಂದೆ! ನಮ್ಮವರ ಕೂಗು ಎದ್ದಿತು. ಗಂಟು ಕಾಣುತ್ತಿರಲಿಲ್ಲ. ಉದ್ದ ಹುಲ್ಲು, ನೀರು, ಸರಪಳಿ ಅರ್ಧ ಮುಳುಗಿತ್ತು. ಡಬ್ಲಿನ್ನಿನವನು ಚೆಂಡನ್ನೇ ನೋಡುತ್ತಿದ್ದ. ಯಾರೂ ಏನೂ ಕೇಳುವವರಿರಲಿಲ್ಲ. ಒಂದು ಉಸಿರು ಸುಮ್ಮನಿದ್ದರೆ ಮುಗಿಯುತ್ತಿತ್ತು.

"ವೇಟ್" ಎಂದೆ. ದನಿ ಹೊರಬಂದದ್ದು ನನಗೇ ಆಶ್ಚರ್ಯ.

ಕೂಗು ನಿಂತಿತು. ಕೋಚ್ ಅಂಚಿನಿಂದ ನನ್ನ ಹೆಸರು ಹಿಡಿದು ಅರಚಿದ. ಕೆರ್ರಿಯ ಹುಡುಗ ಮಂಡಿಯ ಮೇಲೆ ಕೂತಿದ್ದವನು ನನ್ನ ಕೈ ನೋಡಿದ, ಅರ್ಥವಾಯಿತು, ಕಣ್ಣು ಮುಚ್ಚಿಕೊಂಡ. ಈ ಸಲ ಬೈಯಲಿಲ್ಲ.

ಮಣಿಕಟ್ಟು ಒಗೆದೆ. ಅಲೆ ಹೋಯಿತು, ನೀರು ಚಿಮ್ಮಿತು. ಟಕ್! ಎಲ್ಲೋ ಹುಲ್ಲಿನೊಳಗೆ ಒಂದು ಕೊಂಡಿ ಬಿಚ್ಚಿಕೊಂಡಿತು. ಎಳೆದೆ. ಕೋಲು ಮುಂದೆ ಸರಿಯಿತು. ಒಂದು ಬೆರಳು. ಎರಡು ಬೆರಳು. ನಿಂತಿತು.

ಚೆಂಡಿನ ಮೂತಿ ಇನ್ನೂ ಮುಂದಿತ್ತು. ಒಂದೇ ಒಂದು ಬೆರಳು.

ಡಬ್ಲಿನ್ ತಂಡದ ನಾಯಕ ಬಗ್ಗಿ ನೋಡಲೂ ಇಲ್ಲ. "ಫೇರ್ ಇನಫ್. ಬನ್ನಿ ಹುಡುಗ್ರಾ" ಎಂದು ತನ್ನವರನ್ನು ಹಿಂದಕ್ಕೆ ಕರೆದ. ಒಬ್ಬನೂ ತಕರಾರು ತೆಗೆಯಲಿಲ್ಲ. ಎರಡು ಪ್ರಯತ್ನ ಆದ ಮೇಲೆ ಕೆರ್ರಿಯ ಹುಡುಗನಿಗೆ ಚೆಂಡು ಸಿಕ್ಕಿತು, ದಾರಿ ತೆರೆಯಿತು, ಓಡಿದ, ಓಡಿದ, ಎದುರಾಳಿಗಳಿಗೆಲ್ಲ ಬೆನ್ನು ತೋರಿಸಿಕೊಂಡು ಕೊನೆಯ ಗೆರೆ ದಾಟಿದ. ಆ ಬೆನ್ನ ಮೇಲೆ ನನ್ನ ಅಂಗಡಿಯ ಹೆಸರಿತ್ತು, ಫೋಟೋದಲ್ಲಿ ಆಮೇಲೆ ನೋಡಿದೆ. ಆ ಗಳಿಗೆಯಲ್ಲಿ ಹೊಳೆಯಲೇ ಇಲ್ಲ. ಅಜ್ಜಿ ಅಂಕಿಯ ಕೋಲನ್ನು ಬಿಸಾಕಿ ನನ್ನನ್ನು ತಬ್ಬಿಕೊಂಡು ಅಳುತ್ತಿದ್ದರು. ನಾನು ಮಾತ್ರ ನನ್ನ ಕೋಲನ್ನು ಬಿಟ್ಟಿರಲಿಲ್ಲ.

ಟ್ರೋಫಿ ಕೈಯಿಂದ ಕೈಗೆ ಹಾರುತ್ತಿರುವಾಗ ಮೂಲೆಗೆ ಹೋಗಿ ಸಾಹೇಬರಿಗೆ ಫೋನ್ ಹಚ್ಚಿದೆ. ತುಮಕೂರಿನಲ್ಲಿ, ಮಗನ ಮನೆಯಲ್ಲಿ, ಊಟಕ್ಕೆ ಕೂತಿದ್ದರು. ಹಿಂದಿನಿಂದ ಹುಡುಗರ ಹಾಡು, ಕೂಗು, ಎಲ್ಲ ಅವರಿಗೆ ಕೇಳಿಸುತ್ತಿತ್ತು.

"ಸರ್! ನಾನು!"

"ಅಳತೆ ಬಂತಾ?"

"ಬಂತು ಸರ್. ಕೊನೇಲಿ, ನಾಲ್ಕನೇದು, ನಮ್ಮದೇ ಚೆಂಡು."

"ಕೊಡವಿದ್ರಾ?"

"ಕೊಡವಿದೆ. ಗಂಟಿತ್ತು ಸರ್, ಕಾಣ್ತಿರ್ಲಿಲ್ಲ. ಬಿಚ್ಕೊಳ್ತು."

ಆ ಕಡೆ ತಟ್ಟೆಯನ್ನು ಪಕ್ಕಕ್ಕೆ ಸರಿಸಿದ ಸದ್ದಾಯಿತು.

"ಸರಿ. ಈಗ ಹೇಳಿ, ಗೆದ್ದೋರು ಯಾರು?"